ಛಾಯಾಗ್ರಾಹಕರೊಬ್ಬರು ನಿರ್ದೇಶನ, ನಿರ್ಮಾಣ ಎರಡನ್ನೂ ಕೈಗೆತ್ತಿಕೊಳ್ಳಬಹುದೇ?

ಉಡುಪಿಯಲ್ಲಿ ಮದುವೆ ಮತ್ತು ಯಕ್ಷಗಾನದ ವಿಡಿಯೊ ಚಿತ್ರೀಕರಣ ಮಾಡಿಕೊಂಡಿರುವ ತಾವು, ಸಿನಿಮಾ ಛಾಯಾಗ್ರಾಹಕರಾಗಿ, ಮುಂದೆ ಸ್ವಂತ ಚಿತ್ರವನ್ನು ನಿರ್ದೇಶಿಸಿ ನಿರ್ಮಿಸುವ ಆಸೆಯನ್ನು ಬರೆದು, ಮೂರೂ ಹೊಣೆಯನ್ನು ಒಬ್ಬರೇ ಹೊರಬಹುದೇ ಎಂದು ಕೇಳಿದ್ದೀರಿ. ಮಂಗಳೂರಿನಲ್ಲಿದ್ದುಕೊಂಡು ಕರಾವಳಿಯ ಚಿತ್ರಗಳಿಗೆ ಕ್ಯಾಮೆರಾ ಹಿಡಿಯುತ್ತಾ ಬಂದವನಾಗಿ, ಒಂದು ಕಿರುಚಿತ್ರವನ್ನು ನಿರ್ದೇಶಿಸಿ ನಿರ್ಮಿಸಿದವನಾಗಿ ನನ್ನ ಉತ್ತರ: ಖಂಡಿತ ಹೊರಬಹುದು, ಆದರೆ ಮೊದಲ ಚಿತ್ರದಲ್ಲೇ ಮೂರನ್ನೂ ಒಟ್ಟಿಗೆ ಹೊರಬೇಡಿ.

ಈ ದಾರಿ ಕನ್ನಡಕ್ಕೆ ಹೊಸದಲ್ಲ. ಛಾಯಾಗ್ರಾಹಕರಾಗಿದ್ದ ಬಿ.ಎಸ್. ರಂಗಾ ಅವರು ಮದ್ರಾಸಿನಲ್ಲಿ ವಿಕ್ರಂ ಸ್ಟುಡಿಯೊ ಕಟ್ಟಿ, 1964ರಲ್ಲಿ ಕನ್ನಡದ ಮೊದಲ ಪೂರ್ಣ ವರ್ಣಚಿತ್ರವಾದ 'ಅಮರಶಿಲ್ಪಿ ಜಕಣಾಚಾರಿ'ಯನ್ನು ನಿರ್ದೇಶಿಸಿ ನಿರ್ಮಿಸಿದರು. ಛಾಯಾಗ್ರಾಹಕ ಬಾಲು ಮಹೇಂದ್ರ ಅವರು ನಿರ್ದೇಶಕರಾದದ್ದೂ ಕನ್ನಡದ 'ಕೋಕಿಲ' (1977) ಚಿತ್ರದಿಂದಲೇ. ಅದರ ಛಾಯಾಗ್ರಹಣಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಕಲಿತ ಗೋವಿಂದ ನಿಹಲಾನಿ ಅವರು ಹೆಸರಾಂತ ಛಾಯಾಗ್ರಾಹಕ ವಿ.ಕೆ. ಮೂರ್ತಿ ಅವರ ಸಹಾಯಕರಾಗಿ, 'ಕಾಡು' ಚಿತ್ರಕ್ಕೂ ಶ್ಯಾಮ್ ಬೆನಗಲ್ ಅವರ ಚಿತ್ರಗಳಿಗೂ ಕ್ಯಾಮೆರಾ ಹಿಡಿದು, ಆಮೇಲೆ 1980ರಲ್ಲಿ 'ಆಕ್ರೋಶ್' ನಿರ್ದೇಶಿಸಿದರು. ಬೇರೆ ನಿರ್ದೇಶಕರ ಕಣ್ಣಾಗಿ ದುಡಿದ ಆ ವರ್ಷಗಳನ್ನು ನಾನು ಬಹಳ ದೊಡ್ಡದೆಂದು ಭಾವಿಸುತ್ತೇನೆ, ಏಕೆಂದರೆ ನಿರ್ದೇಶಕ ನಟರೊಡನೆ ಹೇಗೆ ಮಾತನಾಡುತ್ತಾನೆ, ಯಾವ ಟೇಕ್ ಸಾಕು ಎನ್ನುತ್ತಾನೆ ಎಂಬುದನ್ನು ಹತ್ತಿರದಿಂದ ನೋಡುವ ಅವಕಾಶ ಛಾಯಾಗ್ರಾಹಕನಿಗಿದ್ದಷ್ಟು ಬೇರೆ ಯಾರಿಗೂ ಇರುವುದಿಲ್ಲ.

ಕಷ್ಟ ಇರುವುದು ಗಮನದಲ್ಲಿ. ನಮ್ಮ ಕರಾವಳಿಯ ದೊಡ್ಡ ಮನೆತನಗಳ ಹಳೆಯ ಗುತ್ತಿನ ಮನೆಗಳ ಚಾವಡಿಯಲ್ಲಿ ಚಿತ್ರೀಕರಿಸಿದವರಿಗೆ ಇದು ಗೊತ್ತು: ಅಂಗಳದ ಬಿಸಿಲು ಕೆಂಪು ನೆಲಕ್ಕೆ ಬಡಿದು, ಕುಳಿತವರ ಗಲ್ಲದ ಕೆಳಗೆ ಕೆಂಪು ಛಾಯೆ ಹಿಡಿಯುತ್ತದೆ, ಫ್ರೇಮಿನ ಹೊರಗೆ ನೆಲದ ಮೇಲೆ ಬಿಳಿ ಬಟ್ಟೆ ಹಾಸಿ ಅದನ್ನು ತಗ್ಗಿಸಬೇಕು. ಬಟ್ಟೆ ಸರಿಪಡಿಸುವಷ್ಟರಲ್ಲಿ ಬಿಸಿಲು ಸರಿದಿರುತ್ತದೆ, ಎದುರಿಗಿರುವ ಕಲಾವಿದೆಯ ಮನಸ್ಸಿನ ಬಿಗಿಯೂ ಸಡಿಲಗೊಂಡಿರುತ್ತದೆ. ಆ ಹೊತ್ತಿನಲ್ಲಿ ಛಾಯಾಗ್ರಾಹಕ ಬೆಳಕನ್ನು ಕೇಳುತ್ತಾನೆ, ನಿರ್ದೇಶಕ ಮುಖವನ್ನು ಕೇಳಬೇಕು. ಇಬ್ಬರಿದ್ದರೆ ಮಾತಿನಲ್ಲಿ ಇತ್ಯರ್ಥವಾಗುವ ವಿಷಯ ಒಬ್ಬನೊಳಗಾದರೆ, ಅಭ್ಯಾಸಬಲದಿಂದ ಬೆಳಕೇ ಗೆಲ್ಲುತ್ತದೆ.

ನಿರ್ಮಾಣದ ವಿಷಯದಲ್ಲಿ ಮಾತ್ರ ಕ್ಯಾಮೆರಾದ ಅನುಭವ, ಅನೇಕರು ಎಣಿಸುವುದಕ್ಕಿಂತ ಹೆಚ್ಚು ಬೆಲೆಬಾಳುತ್ತದೆ. ಯಾವ ದೃಶ್ಯಕ್ಕೆ ಜನರೇಟರ್ ಬೇಕು, ಯಾವುದು ಕಿಟಕಿಯ ಬೆಳಕಿನಲ್ಲೇ ಮುಗಿಯುತ್ತದೆ, ಮಳೆಗಾಲದ ಆಟಿ ತಿಂಗಳ ಮೋಡ ಕವಿದ ದಿನಕ್ಕೆ ಯಾವ ದೃಶ್ಯವನ್ನು ಮೀಸಲಿಡಬೇಕು ಎಂಬುದನ್ನು ಚಿತ್ರಕಥೆ ಓದುವಾಗಲೇ ಹೇಳಬಲ್ಲವನು ಕಾಲ್‌ಶೀಟ್‌ಗಳನ್ನೂ (ಚಿತ್ರೀಕರಣದ ಪಾಳಿಗಳನ್ನೂ) ಸಲಕರಣೆಗಳ ಬಾಡಿಗೆಯನ್ನೂ ಉಳಿಸುತ್ತಾನೆ. ಆದರೆ ಹಣ ಹಾಕುವವರೂ ನೀವೇ ಆಗಬೇಕೆಂದಿಲ್ಲ. ಛಾಯಾಗ್ರಾಹಕನ ಸಂಭಾವನೆ ಚಿತ್ರ ಗೆದ್ದರೂ ಸೋತರೂ ಒಪ್ಪಂದದಂತೆ ಬರಬೇಕಾದದ್ದು. ನಿರ್ಮಾಪಕನ ಪಾಲು ಎಲ್ಲರ ಲೆಕ್ಕ ಚುಕ್ತಾ ಆದ ಮೇಲಿನದು. ಮನೆಯ ಜಾಗ ಅಡವಿಟ್ಟು ಚಿತ್ರ ಮಾಡುವ ಯೋಚನೆಯಿದ್ದರೆ ದಯವಿಟ್ಟು ಕೈಬಿಡಿ.

ಆದ್ದರಿಂದ ಸದ್ಯಕ್ಕೆ ಮದುವೆಯ ಕೆಲಸವನ್ನು ಬಿಡದೆ, ಒಳ್ಳೆಯ ಛಾಯಾಗ್ರಾಹಕರೊಬ್ಬರ ಬಳಿ ಸಹಾಯಕರಾಗಿ ಸೇರಿಕೊಳ್ಳಿ. ಶಾಸ್ತ್ರೀಯವಾಗಿ ಕಲಿಯುವ ಮನಸ್ಸಿದ್ದರೆ ಹೆಸರಘಟ್ಟದ ಸರ್ಕಾರಿ ಚಲನಚಿತ್ರ ಮತ್ತು ದೂರದರ್ಶನ ಸಂಸ್ಥೆಯನ್ನು ವಿಚಾರಿಸಿ. ಸ್ವಂತ ಕಥೆ ಸಿದ್ಧವಾದಾಗ ಒಂದು ಕಿರುಚಿತ್ರವನ್ನು ನಿರ್ದೇಶಿಸಿ, ಅದರ ಕ್ಯಾಮೆರಾವನ್ನು ನೀವು ನಂಬುವ ಗೆಳೆಯರಿಗೆ ಒಪ್ಪಿಸಿ, ಮಾನಿಟರ್ ಬಿಟ್ಟು ನಟರ ಪಕ್ಕದಲ್ಲಿ ನಿಂತು ನೋಡಿ. ನಿರ್ದೇಶನ ನಿಮಗೆ ಒಗ್ಗುತ್ತದೆಯೋ ಇಲ್ಲವೋ ಎಂಬುದು ಅಲ್ಲಿಯೇ ತಿಳಿಯುತ್ತದೆ.