ಕೊಟ್ಟಿಗೆ ಕೆಲಸವನ್ನೂ ಬರೆಯಿರಿ

ಹೆಂಡತಿ ತೀರಿಕೊಂಡು 3 ವರ್ಷವಾಯ್ತು, ಮರುಮದುವೆ ಜಾಹೀರಾತಿನಲ್ಲಿ ಹೊಲ, ಹಸು, ಮಗಳ ವಿಷಯ ಹೇಳಬೇಕೋ ಬೇಡವೋ ಅಂತ ಕೇಳಿದ್ದೀರಿ. ಹೇಳಿಬಿಡಿ ಸರ್. ನಾನೂ ನಿಮ್ಮ ಹಾಗೇ ಎರಡನೇ ಸಲ ಹುಡುಕಿದವನು. ಮೊದಲು ‘ಸ್ವಂತ ಜಮೀನಿದೆ’ ಅಂತಷ್ಟೇ ಹಾಕಿದ್ದೆ. ಫೋನ್ ಮಾಡಿದವರೆಲ್ಲ ಎಷ್ಟು ಎಕರೆ ಅಂತಲೇ ಕೇಳಿದರು. ಆಮೇಲೆ ‘ಬೆಳಿಗ್ಗೆ ಐದಕ್ಕೆ ಕೊಟ್ಟಿಗೆಯಲ್ಲಿರುತ್ತೇನೆ, ಸುಗ್ಗಿಯಲ್ಲಿ ರಜೆಯಿಲ್ಲ’ ಅಂತ ಬರೆದೆ. ಫೋನ್ ಕಡಿಮೆಯಾಯ್ತು, ಮಾತು ಸರಿಹೋಯ್ತು.

ಹಾಲು ಕರೆಯೋಕೆ ಜನ ಬೇಕಿದ್ದರೆ ಆಳು ಇಟ್ಟುಕೊಳ್ಳಿ, ಅದಕ್ಕೆ ಮದುವೆ ಬೇಡ (ಬೇಜಾರಾಗಬೇಡಿ). ಮಗಳಿಗೆ ನೀವೇ ಮೊದಲು ತಿಳಿಸಿ. ಜಮೀನು ಮುಂದೆ ಯಾರಿಗೆ ಅನ್ನೋದನ್ನು ಮದುವೆಗೆ ಮುಂಚೆಯೇ ವಕೀಲರ ಹತ್ತಿರ ಕೂತು ಬರೆಸಿ.

ಭೇಟಿಯನ್ನು ಹೊಲದಲ್ಲೇ ಇಟ್ಟುಕೊಳ್ಳಿ, ಮಳೆ ಬಂದ ಮರುದಿನವಾದರೂ ಸರಿ. ನನ್ನವಳು ಚಪ್ಪಲಿ ಕೈಲಿ ಹಿಡಿದು ಬದುವಿನ ಮೇಲೆ ನಡೆದು ಬಂದಿದ್ದಳು.