ಪೋಸ್ಟ್-ಪಂಕ್ ಬ್ಯಾಂಡ್ ಬಿಟ್ಟ ಮೇಲೆ ಸಂಗೀತಗಾರರ ಬದುಕು ಹೇಗೆ ಸಾಗುತ್ತದೆ?

ಬ್ಯಾಂಡಿನಿಂದ ಹೊರಬಿದ್ದರೆ ಕಥೆ ಮುಗಿದಂತೆಯೇ ಅಂತಲೂ ಕೇಳಿದ್ದೀರಿ. ಪೋಸ್ಟ್-ಪಂಕ್ ಎಂದರೆ 70ರ ದಶಕದ ಕೊನೆಯಲ್ಲಿ ಪಂಕ್ ರಾಕ್‌ನ ಬೆನ್ನಿಗೇ ಬಂದ, ಪ್ರಯೋಗಗಳತ್ತ ಹೊರಳಿದ ಸಂಗೀತ. ಎಲ್ಲರದ್ದೂ ಒಂದೇ ಥರ ಇರುವುದಿಲ್ಲ. ನಾನು ಬೆನ್ನು ಹತ್ತಿ ಕೇಳಿಕೊಂಡು ಬಂದಿರುವ ಒಬ್ಬರ ವಿಷಯ ಹೇಳುತ್ತೇನೆ: ಬಾಸ್ ಗಿಟಾರ್ (ತಗ್ಗು ಸ್ವರಗಳ ಗಿಟಾರ್) ನುಡಿಸುವ ಜಾ ವಾಬಲ್.

ನಿಜ ಹೆಸರು ಜಾನ್ ವಾರ್ಡಲ್. 1958ರಲ್ಲಿ ಪೂರ್ವ ಲಂಡನ್ನಿನ ಸ್ಟೆಪ್ನಿಯಲ್ಲಿ ಹುಟ್ಟಿದವರು. ಪಂಕ್ ಬ್ಯಾಂಡ್ ಸೆಕ್ಸ್ ಪಿಸ್ಟಲ್ಸ್ ಒಡೆದುಹೋದ ಮೇಲೆ, 1978ರಲ್ಲಿ ಅದರ ಗಾಯಕ ಜಾನ್ ಲೈಡನ್ 'ಪಬ್ಲಿಕ್ ಇಮೇಜ್ ಲಿಮಿಟೆಡ್' ಎಂಬ ಪೋಸ್ಟ್-ಪಂಕ್ ಬ್ಯಾಂಡ್ ಕಟ್ಟಿದಾಗ ಕಾಲೇಜಿನ ಗೆಳೆಯನಾದ ಇವರನ್ನೇ ಬಾಸ್‌ಗೆ ಕರೆದರು. ಕೈ ಇನ್ನೂ ಪಳಗಿರಲಿಲ್ಲ. ಆದರೆ ಕಿವಿ ತುಂಬಾ ಜಮೈಕಾದ ರೆಗೆ ಸಂಗೀತ, ಅದರಲ್ಲೂ ಬಾಸ್, ಡ್ರಮ್ಸ್ ಮುಂದೆ ತಂದು ಪ್ರತಿಧ್ವನಿ ಬೆರೆಸುವ ಡಬ್ ಇತ್ತು. ಬ್ಯಾಂಡಿನ ಮೊದಲ ಸಿಂಗಲ್ ಹಾಕಿ ನೋಡಿ. ಮೊದಲು ಬಾಸ್ ಒಂದೇ ಬರುತ್ತದೆ, ಡ್ರಮ್ಸ್, ಗಿಟಾರ್ ಎಲ್ಲ ಆಮೇಲೆ.

1979ರಲ್ಲಿ ಬ್ಯಾಂಡಿನ 'ಮೆಟಲ್ ಬಾಕ್ಸ್' ಆಲ್ಬಮ್ ಬಂತು. ಸಿನಿಮಾ ರೀಲು ಇಡುವಂಥ ದುಂಡನೆಯ ಲೋಹದ ಡಬ್ಬಿ, ಒಳಗೆ 12 ಇಂಚಿನ ಮೂರು ರೆಕಾರ್ಡುಗಳು, ಎಲ್ಲವೂ 45 ಆರ್‌ಪಿಎಂ, ಅಂದರೆ ನಿಮಿಷಕ್ಕೆ 45 ಸುತ್ತು. ಬಾಸ್ ದಪ್ಪಗಿದ್ದಷ್ಟೂ ರೆಕಾರ್ಡಿನ ಗೆರೆ ಹೆಚ್ಚು ಓಲಾಡುತ್ತದೆ, ಜಾಗ ಹೆಚ್ಚು ಬೇಕಾಗುತ್ತದೆ. ಹಾಡುಗಳನ್ನು ಮೂರು ರೆಕಾರ್ಡುಗಳಿಗೆ ಹಂಚಿದ್ದರಿಂದ ಆ ಜಾಗ ಸಿಕ್ಕಿತು. ಮೊದಲ ಹಾಡು 'ಆಲ್ಬಟ್ರಾಸ್' ಹತ್ತು ನಿಮಿಷಕ್ಕೂ ಉದ್ದ. ಗಿಟಾರ್ ಎತ್ತೆತ್ತಲೋ ಅಲೆಯುತ್ತಿದ್ದರೂ ಬಾಸ್ ಜಾಗ ಬಿಟ್ಟು ಕದಲುವುದಿಲ್ಲ. ಆ ತಾಳ್ಮೆಯೇ ಅವರ ಆಸ್ತಿ ಎಂದು ನನ್ನ ನಂಬಿಕೆ.

1980ರಲ್ಲೇ ಬ್ಯಾಂಡ್ ಬಿಟ್ಟರು. ಬ್ಯಾಂಡಿಗಾಗಿ ರೆಕಾರ್ಡ್ ಮಾಡಿದ್ದ ಟ್ರ್ಯಾಕುಗಳನ್ನು ತಮ್ಮ ಸ್ವಂತ ಆಲ್ಬಮ್‌ಗೆ ಬಳಸಿಕೊಂಡದ್ದು ಮನಸ್ತಾಪಕ್ಕೆ ಒಂದು ಕಾರಣ. ಆಮೇಲೆ ಜರ್ಮನಿಯ ಪ್ರಯೋಗಶೀಲ ರಾಕ್ ತಂಡ 'ಕ್ಯಾನ್'ನ ಹೋಲ್ಗರ್ ಚುಕೈ, ಯಾಕಿ ಲೀಬೆಟ್ಸೈಟ್ ಜೊತೆ ನುಡಿಸಿದರು. ಅದೇ ಹೊತ್ತಿಗೆ ಕುಡಿತ ಮಿತಿಮೀರಿತ್ತು.

ನಿಮ್ಮ ಪ್ರಶ್ನೆಗೆ ನಿಜವಾದ ಉತ್ತರ ಇರುವುದು ಇದರ ನಂತರದ ವರ್ಷಗಳಲ್ಲಿ. 80ರ ದಶಕದ ನಡುವಿನಲ್ಲಿ ಕುಡಿತ ಬಿಟ್ಟು, ಲಂಡನ್ನಿನ ಸುರಂಗ ರೈಲಿನಲ್ಲಿ ನೌಕರಿಗೆ ಸೇರಿದರು. ಟವರ್ ಹಿಲ್ ಸ್ಟೇಷನ್ನಿನ ಮೈಕಿನಲ್ಲಿ 'ಒಂದು ಕಾಲದಲ್ಲಿ ನಾನೂ ಹೆಸರಿದ್ದವನು' ಎನ್ನುವ ಅರ್ಥದಲ್ಲಿ ಪ್ರಯಾಣಿಕರಿಗೆ ಘೋಷಣೆ ಮಾಡಿದ್ದನ್ನು ಅವರೇ ಹೇಳಿಕೊಂಡಿದ್ದಾರೆ. ಇದನ್ನು ಪತನ ಎಂದು ಬರೆಯುವವರಿದ್ದಾರೆ, ನಾನು ಒಪ್ಪುವುದಿಲ್ಲ. ಕುಡಿತದಿಂದ ಎದ್ದು ಬರುತ್ತಿರುವ ಮನುಷ್ಯನಿಗೆ ಶಿಫ್ಟಿನ ಶಿಸ್ತು, ಕೈಗೆ ಬರುವ ಸಂಬಳ ಚಿಕ್ಕ ಆಸರೆಯಲ್ಲ. ಬಾಸ್ ಅನ್ನಂತೂ ಅವರು ಕೈಬಿಡಲಿಲ್ಲ.

ಆಮೇಲೆ 'ಇನ್ವೇಡರ್ಸ್ ಆಫ್ ದ ಹಾರ್ಟ್' ತಂಡದೊಂದಿಗೆ ಮರಳಿ ಬಂದರು. 1991ರ 'ರೈಸಿಂಗ್ ಅಬವ್ ಬೆಡ್ಲಮ್' ಆಲ್ಬಮ್‌ನಲ್ಲಿ ಐರಿಷ್ ಗಾಯಕಿ ಶಿನೇಡ್ ಓಕಾನರ್ ಹಾಡಿದ್ದಾರೆ. ಅದು ವರ್ಷದ ಅತ್ಯುತ್ತಮ ಬ್ರಿಟಿಷ್, ಐರಿಷ್ ಆಲ್ಬಮ್‌ಗೆ ಕೊಡುವ ಮರ್ಕ್ಯುರಿ ಪ್ರಶಸ್ತಿಯ ಮೊತ್ತಮೊದಲ, 1992ರ ಅಂತಿಮ ಪಟ್ಟಿಗೆ ಬಂತು. ಪ್ರಶಸ್ತಿ ಗೆದ್ದದ್ದು ಪ್ರೈಮಲ್ ಸ್ಕ್ರೀಮ್ ಬ್ಯಾಂಡಿನ 'ಸ್ಕ್ರೀಮಡೆಲಿಕಾ', ಆದರೆ ಅದರ ಒಂದು ಹಾಡಿನಲ್ಲೂ ಬಾಸ್ ಇವರದ್ದೇ! ಮುಂದೆ ಸಂಗೀತಗಾರ, ನಿರ್ಮಾಪಕ ಬ್ರಯನ್ ಈನೋ ಜೊತೆ ಒಂದು ಆಲ್ಬಮ್, 1997ರಲ್ಲಿ ಸ್ವಂತ ರೆಕಾರ್ಡ್ ಲೇಬಲ್, ಗುಜೆಂಗ್ ಎಂಬ ಚೀನೀ ತಂತಿವಾದ್ಯ ನುಡಿಸುವ ಪತ್ನಿ ಜೀ ಲಾನ್ ಲಿಯಾವ್ ಜೊತೆ 2008ರಲ್ಲಿ 'ಚೈನೀಸ್ ಡಬ್'. 2021ರಲ್ಲಿ 'ಮೆಟಲ್ ಬಾಕ್ಸ್' ಅನ್ನೇ ಡಬ್ ಶೈಲಿಯಲ್ಲಿ ಹೊಸದಾಗಿ ಕಟ್ಟಿದರು. ಬ್ಯಾಂಡಿನಲ್ಲಿದ್ದದ್ದು ಸುಮಾರು ಎರಡು ವರ್ಷ, ಹೊರಗೆ ನುಡಿಸಿದ್ದು ನಾಲ್ಕು ದಶಕ.

ಕೇಳಲು ಶುರುಮಾಡುವುದಾದರೆ 1979ರ ಆಲ್ಬಮ್ ಮೊದಲು, ಅದರ ಬೆನ್ನಿಗೇ 2021ರದ್ದು ಕೇಳಿ. ಒಳ್ಳೆಯ ಹೆಡ್‌ಫೋನ್ ಇರಲಿ. ಫೋನಿನ ಸ್ಪೀಕರಿನಲ್ಲಿ ವಾಬಲ್ ಅವರ ಬಾಸ್ ಮುಕ್ಕಾಲು ಪಾಲು ಕಿವಿಗೆ ಬೀಳುವುದೇ ಇಲ್ಲ.