ಶಿರಸಂಗಿ ಲಿಂಗರಾಜರೇ ಬೆಳಗಾವಿಯ ಲಿಂಗರಾಜ ಕಾಲೇಜನ್ನು ಕಟ್ಟಿಸಿದರೇ? ಅವರ ಪ್ರತಿಮೆಗೆ ಏಕೆ ಮಾಲೆ ಹಾಕುತ್ತಾರೆ?

ಅವರು ಕಟ್ಟಿಸಿದ್ದಲ್ಲ. ಕಾಲೇಜು ಆರಂಭವಾದದ್ದು 1933ರಲ್ಲಿ. ಲಿಂಗರಾಜರು ತೀರಿಕೊಂಡದ್ದು 1906ರಲ್ಲಿ. ಕಾಲೇಜನ್ನು ನಡೆಸುವ ಕೆ.ಎಲ್.ಇ. (ಕರ್ನಾಟಕ ಲಿಂಗಾಯತ ಎಜುಕೇಶನ್) ಸಂಸ್ಥೆ, 'ಸಪ್ತರ್ಷಿಗಳು' ಎಂದೇ ಹೆಸರಾದ ಏಳು ಮಂದಿಯ ಶ್ರಮದಿಂದ ಹುಟ್ಟಿದ್ದು ಕೂಡ 1916ರಲ್ಲಿ, ಅಂದರೆ ಅವರು ತೀರಿಕೊಂಡ ಹತ್ತು ವರ್ಷಗಳ ಮೇಲೆ.

ಹಾಗಿದ್ದೂ ಹೆಸರು ಅವರದೇ ಆಗಲು ಕಾರಣ ಅವರ ಮೃತ್ಯುಪತ್ರ. 1861ರಲ್ಲಿ ಜನಿಸಿ, ಸವದತ್ತಿ ಸೀಮೆಯ ಶಿರಸಂಗಿ ದೇಸಾಯಿ ಮನೆತನಕ್ಕೆ ದತ್ತಕವಾಗಿ ಬಂದ ಲಿಂಗರಾಜರು, ದತ್ತಕದಿಂದಲೇ ಸಂಸ್ಥಾನ ಪಡೆದವರಾಗಿದ್ದರೂ, ತಾವು ಮತ್ತೊಬ್ಬ ವಾರಸುದಾರನನ್ನು ಹುಡುಕುವ ಬದಲು ಆಸ್ತಿಯನ್ನು ಲಿಂಗಾಯತ ಸಮಾಜದ ಮಕ್ಕಳ ವಿದ್ಯಾಭ್ಯಾಸಕ್ಕೆ ಬರೆದಿಟ್ಟರು. ನನ್ನ ದೃಷ್ಟಿಯಲ್ಲಿ ಇದೇ ಅವರ ಬದುಕಿನ ಅತ್ಯಂತ ದಿಟ್ಟ ನಿರ್ಧಾರ, ಏಕೆಂದರೆ ವತನದಾರ ಮನೆತನಗಳಲ್ಲಿ ಗಾದಿ ಉಳಿಸಿಕೊಳ್ಳುವುದೇ ಪರಮ ಕರ್ತವ್ಯವೆಂದು ಭಾವಿಸುತ್ತಿದ್ದ ಕಾಲ ಅದು. ಆ ಆಸ್ತಿಯ ಟ್ರಸ್ಟ್ ನೀಡಿದ ವಿದ್ಯಾರ್ಥಿವೇತನದಿಂದ ಉತ್ತರ ಕರ್ನಾಟಕದ ಅನೇಕರು ಉನ್ನತ ಶಿಕ್ಷಣ ಪಡೆದರು. 1904ರಲ್ಲಿ ಧಾರವಾಡದಲ್ಲಿ ನಡೆದ ವೀರಶೈವ ಮಹಾಸಭೆಯ ಮೊದಲ ಅಧಿವೇಶನಕ್ಕೂ ಅವರೇ ಅಧ್ಯಕ್ಷರಾಗಿದ್ದರು.

ಆದ್ದರಿಂದ ಜಯಂತಿಯ ದಿನ ಮಾಲೆ ಬೀಳುವುದು ಕಾಲೇಜಿನ ಸಂಸ್ಥಾಪಕರಿಗಲ್ಲ, ದಾನಿಗೆ. ದಾನಿಗಳ ಹೆಸರಿಡುವ ಈ ಪದ್ಧತಿ ಕೆ.ಎಲ್.ಇ.ಯಲ್ಲಿ ಬೇರೆಡೆಯೂ ಕಾಣುತ್ತದೆ: ಆರ್.ಎಲ್. ವಿಜ್ಞಾನ ಸಂಸ್ಥೆಯ ಹೆಸರಿನಲ್ಲಿರುವುದು ವಂಟಮುರಿಯ ರಾಜಾ ಲಖಮಗೌಡರು, ಹಿಡಕಲ್ ಜಲಾಶಯಕ್ಕೂ ಅವರದೇ ಹೆಸರಿದೆ.